ಮುರ್ತುಜಾ ಮಾಸ್ತರ ಬರೆದ ನಲವತ್ತು ಅರ್ಜಿಗಳು

ವಿಜಾಪುರದ ಸಿದ್ಧೇಶ್ವರ ಗುಡಿಯ ಹಿಂದಿನ ಓಣಿಯಲ್ಲಿ ಮುರ್ತುಜಾಸಾಬನ ಟೇಲರ್ ಅಂಗಡಿ ಇತ್ತು. ಅಂಗಡಿ ಅಂದರೆ ಒಂದು ಮಷೀನು, ಒಂದು ಇಸ್ತ್ರಿ, ಒಂದು ಬೆಂಚು, ಅಷ್ಟೇ. ಬೆಂಚಿನ ಮೇಲೆ ಕೂತವರಿಗೆ ತಮ್ಮ ಅಂಗಿ ಯಾವಾಗ ಕೈಗೆ ಸಿಗುತ್ತದೆಂಬುದು ಗೊತ್ತಾಗುತ್ತಿರಲಿಲ್ಲ, ಆದರೆ ಬಂಡವಾಳ ಎಲ್ಲಿಂದ ಹುಟ್ಟುತ್ತದೆಂಬುದು ಮಾತ್ರ ಚೆನ್ನಾಗಿ ಗೊತ್ತಾಗುತ್ತಿತ್ತು. ಅಕ್ಷತೆಗೆ ಹೊತ್ತಾದರೂ ಮದುಮಗನ ಪ್ಯಾಂಟಿಗೆ ಗುಂಡಿ ಬಿದ್ದಿರುತ್ತಿರಲಿಲ್ಲ. ಯಾಕೆಂದರೆ ಮಾಸ್ತರ ಆಗ ರಷ್ಯಾದಲ್ಲಿರುತ್ತಿದ್ದ!

ಹದಿನೆಂಟಕ್ಕೆ ಸೋಲಾಪುರದ ಮಿಲ್ಲು ಸೇರಿದ್ದವನು. ಹನ್ನೆರಡು ವರ್ಷ ಮಗ್ಗದ ಮುಂದೆ ನಿಂತು, ಕೆಂಪು ಬಾವುಟದ ಯೂನಿಯನ್ನಿನ ಕೋಣೆಯಲ್ಲಿ ಓದು ಬರಹ ಕಲಿತು, ಒಂದು ಮುಷ್ಕರದಲ್ಲಿ ಕೆಲಸ ಕಳೆದುಕೊಂಡು ಊರಿಗೆ ಬಂದ. ಬಂದವನ ಹತ್ತಿರ ಹೊಲಿಗೆಯ ವಿದ್ಯೆಯಿತ್ತು, ದುಂಡನೆಯ ಅಕ್ಷರವಿತ್ತು, ಮತ್ತು ಯಾರ ಎದುರಿಗೂ ಅಂಜದ ಬಾಯಿ ಇತ್ತು.

"ನೋಡ್ರಿ, ಈ ವಿಚಾರ ಹುಟ್ಟಿದ್ದು ಕಾರಖಾನಿ ಮಂದಿ ಸಲುವಾಗಿ," ಅನ್ನುತ್ತಿದ್ದ. "ಮಾರ್ಕ್ಸ್ ಸಾಹೇಬಗ ರೈತರ ಮ್ಯಾಲ ಅಷ್ಟ ಭರೋಸಾ ಇದ್ದಿದ್ದಿಲ್ಲ. ರಷ್ಯಾಕ್ಕ ಹೋತು, ಸುತ್ತಿಗಿ ಜೋಡಿ ಕುಡಗೋಲ ಬಂತು. ಚೀನಾಕ್ಕ ಹೋತು, ರೈತ ತಾನ ಮುಂದ ಬಂದ ನಿಂತ. ತೆಲಂಗಾಣಕ್ಕ ಬಂತು. ಇನ್ನ ನಮ್ಮ ಬಬಲೇಶ್ವರಕ್ಕ ಬರೂದಷ್ಟ ಬಾಕಿ ಐತಿ!"

ಎಪ್ಪತ್ನಾಲ್ಕರಲ್ಲಿ ಭೂಸುಧಾರಣೆಯ ಕಾನೂನು ಬಂತು. ಲಾವಣಿ ಮಾಡುವವನು, ಅಂದರೆ ಬೇರೆಯವರ ಹೊಲ ಉತ್ತು ಮಾಲಕನಿಗೆ ಪಾಲು ಕೊಡುವವನು, ಅರ್ಜಿ ಹಾಕಿದರೆ ಹೊಲ ಅವನದೇ ಆಗುತ್ತದೆ. ಇದು ಕ್ರಾಂತಿಯ ಮೊದಲ ಮೆಟ್ಟಿಲು ಎಂದು ಸಂಗಾತಿಗಳಲ್ಲಿ ಅರ್ಧ ಮಂದಿ ಕುಣಿದರು, ಸರಕಾರ ಮೂಗಿಗೆ ತುಪ್ಪ ಸವರುತ್ತಿದೆ ಎಂದು ಇನ್ನರ್ಧ ಮಂದಿ ಸಿಡುಕಿದರು. ಮುರ್ತುಜಾಸಾಬ ಇಬ್ಬರ ಮಾತನ್ನೂ ಕೇಳಲಿಲ್ಲ. ತಿಕೋಟಾದ ಬಸ್ ನಿಲ್ದಾಣದ ಎದುರು ಬಂಡಿಯ ಮೇಲೆ ಹತ್ತಿ ನಿಂತು ಗಂಟಲು ಹರಿಯುವ ತನಕ ಕೂಗಿದ: "ಉಳಾಂವಂದ ಹೊಲಾ! ಮಾಲಕರ ಕಣ್ಣಾಗ ಕಣ್ಣಿಟ್ಟ ಕೇಳ್ರಿ!"

ಕೇಳುವ ಧೈರ್ಯ ಬಹಳ ಮಂದಿಗೆ ಇರಲಿಲ್ಲ. ಆದ್ದರಿಂದ ಬಬಲೇಶ್ವರದಲ್ಲಿ ಗೌಡರ ಹೊಲದ ಲಾವಣಿಯ ಜೊತೆಗೆ ಚಹಾದಂಗಡಿಯನ್ನೂ ಇಟ್ಟಿದ್ದ ರಾಯಪ್ಪ ಗುಟ್ಟಾಗಿ ಚೀಟಿ ಕೂಡಿಸತೊಡಗಿದ. ಚೀಟಿಯಲ್ಲಿ ರೈತನ ಹೆಸರು, ಊರು, ಸರ್ವೆ ನಂಬರು. ಮಾಲಕನ ಹೆಸರು ಬೇಡ, ಗೌಡರ ಕಿವಿಗೆ ಬಿದ್ದರೆ ಫಜೀತಿ. ಸಂತೆಯ ದಿನ ಮುರ್ತುಜಾಸಾಬ ಆ ಅಂಗಡಿಯ ಒಳಕೋಣೆಯಲ್ಲಿ ಕೂತು ನಲವತ್ತು ಅರ್ಜಿ ಬರೆದ. ಮಾಲಕನ ಹೆಸರಿನ ಜಾಗದಲ್ಲಿ 'ಉತಾರದ ಪ್ರಕಾರ', ಅಂದರೆ ಸರಕಾರಿ ಪಹಣಿಯಲ್ಲಿದ್ದಂತೆ, ಎಂದು ಬರೆದು ಮುಂದಕ್ಕೆ ಹೋದ. ಎಲ್ಲ ನಲವತ್ತರಲ್ಲೂ ಹಾಗೆಯೇ.

ಎಪ್ಪತ್ತಾರರ ಬೇಸಿಗೆಯಲ್ಲಿ ಒಂದು ದಿನ ತಂಗಿ ಚಾಂದಬಿ ಮಷೀನಿನ ಹತ್ತಿರ ಬಂದು ಒಂದು ಲಕೋಟೆ ಚಾಚಿದಳು. ಗಂಡ ಸತ್ತ ಮೇಲೆ ಅವನ ನಾಲ್ಕು ಎಕರೆ ಹೊಲ ತನ್ನ ಹೆಸರಿಗಾಗಿ, ಇಬ್ಬರು ಹೆಣ್ಣುಮಕ್ಕಳೊಡನೆ ಅಣ್ಣನ ಮನೆ ಸೇರಿದ್ದವಳು.

"ಭಾಯಿ, ಇದೇನ ನೋಡು. ನನ್ನ ಹೆಸರಿಲೆ ಬಂದೈತಂತ."

ಅವನು ಓದಿದ. 'ಭೂಮಾಲಕಿ ಚಾಂದಬಿ, ಮಮದಾಪುರದ ಸದರಿ ಜಮೀನಿನ ಬಗ್ಗೆ ಲಾವಣಿದಾರ ಧೂಳಪ್ಪನ ಅರ್ಜಿಗೆ ಉತ್ತರಿಸಲು ಭೂನ್ಯಾಯಮಂಡಳಿಯ ಮುಂದೆ ಹಾಜರಾಗತಕ್ಕದ್ದು.' ಕೆಳಗೆ ಅರ್ಜಿಯ ನಕಲು ಪಿನ್ನು ಹಾಕಿತ್ತು. ದುಂಡನೆಯ ಅಕ್ಷರ. ಅವನದೇ ಅಕ್ಷರ!

ಮುರ್ತುಜಾಸಾಬನ ಕಾಲು ಮಷೀನಿನ ಪೆಡಲ್ ಮೇಲೆ ಹಾಗೇ ಸೆಟೆದು ನಿಂತಿತು. ಆರು ವರ್ಷದಿಂದ ಪ್ರತಿ ಸುಗ್ಗಿಗೂ ಧೂಳಪ್ಪ ಬಂಡಿಯಲ್ಲಿ ಜೋಳ ತಂದು ಬಾಗಿಲಲ್ಲಿ ಇಳಿಸುತ್ತಿದ್ದ, ತಾನು ಅವನ ಜೊತೆ ಕೂತು ಚಹಾ ಕುಡಿದಿದ್ದೇನೆ, ಮಕ್ಕಳನ್ನು ಎತ್ತಿ ಆಡಿಸುವ ಮನೆಯ ಮನುಷ್ಯ ಅಂದುಕೊಂಡಿದ್ದೇನೆ. ಅದನ್ನೇ ಲಾವಣಿ ಅನ್ನುತ್ತಾರೆಂದು ಒಂದು ದಿನವಾದರೂ ಹೊಳೆದಿದ್ದರೆ! ಮಾಲಕ ಅಂದರೆ ವಾಡೆಯಲ್ಲಿ ಕೂತ ರುಮಾಲಿನ ಗೌಡ, ಇಷ್ಟೇ ಅವನ ತಲೆಯಲ್ಲಿದ್ದುದು. ಆ ಕಡೆ ಧೂಳಪ್ಪ ಎಂಬ ಹೆಸರು ಕೇರಿಗೆ ಇಬ್ಬರಿಗಿರುತ್ತದೆ, ಹೊಲದ ಸರ್ವೆ ನಂಬರನ್ನಂತೂ ಅವನು ಹುಟ್ಟಿದಾಗಿನಿಂದ ಕೇಳಿರಲಿಲ್ಲ. ತನ್ನ ಬುದ್ಧಿಗೆ ಮಣ್ಣು ಬಿತ್ತೇ ಎಂದು ಹಣೆ ಚಚ್ಚಿಕೊಂಡ.

ಮರುದಿನವೇ ಮಮದಾಪುರದ ಬಸ್ಸು ಹತ್ತಿದ. ಧೂಳಪ್ಪನಿಗೆ ತಿಳಿಸಿ ಹೇಳಿ ಅರ್ಜಿ ಹಿಂದಕ್ಕೆ ತೆಗೆಸುವುದು ಎಂಬ ಲೆಕ್ಕ. ಊರ ಅಗಸೆಬಾಗಿಲ ಹತ್ತಿರ ಇಳಿದದ್ದೇ ತಡ, ಧೂಳಪ್ಪ ಓಡಿ ಬಂದು ಕಾಲಿಗೆ ಬಿದ್ದ.

"ಯಪ್ಪಾ, ನೀವು ದ್ಯಾವರಂಥಾವ್ರು! ನಾ ಅಂಜಿಕೋಂತ ಚೀಟಿ ಕೊಟ್ಟಿದ್ದೆ. ತಂಗಿ ಹೊಲಾ ಅಂತ ಗೊತ್ತಿದ್ದೂ ಮಾಸ್ತರ ತಮ್ಮ ಕೈಯಾರೆ ಬರದ ಕೊಟ್ರು ಅಂತ ಊರ ತುಂಬ ಹೇಳೇನಿ. ಮಾಸ್ತರ ತಮ್ಮ ಹೊಲಾನ ಬಿಟ್ಟಾರ, ನಾವ್ಯಾಕ ಗೌಡರಿಗೆ ಅಂಜೂದು ಅಂತ ಉಳದಾವ್ರೂ ಗಟ್ಟಿ ಆಗ್ಯಾರ್ರಿ."

ಸುತ್ತ ನಿಂತ ಮಂದಿ ಕೈ ಮುಗಿದರು. ಯಾವ ಬಾಯಿಂದ ಹೇಳುವುದು? ಮಜ್ಜಿಗೆ ಕುಡಿದು, ಸುಮ್ಮನೆ ನಕ್ಕು, ಅದೇ ಬಸ್ಸಿಗೆ ವಾಪಸು ಬಂದ.

ಮನೆಯಲ್ಲಿ ಚಾಂದಬಿಗೆ ಇದ್ದದ್ದು ಇದ್ದಂತೆ ಹೇಳಿದ. ಅವಳು ಅಳಲೂ ಇಲ್ಲ, ಬೈಯಲೂ ಇಲ್ಲ.

"ಆ ಜೋಳ ಮನಿಗೆ ಬರತೈತಿ ಅಂತ ನಾ ತಲಿ ಎತ್ತಿ ರೊಟ್ಟಿ ಬಡೀತೇನಿ, ಭಾಯಿ. ಹೊಲಾ ಹೋತಂದ್ರ ನಾ ನಿನ್ನ ಮನ್ಯಾಗ ಯಾರು?"

 ಜಗತ್ತಿನ ರೈತರ ಕಥೆಯನ್ನೆಲ್ಲ ಹೇಳುತ್ತಿದ್ದವನು ಎಂಟು ದಿನ ಬಾಕಿ ಬಿದ್ದ ಅಂಗಿಗಳಿಗೆಲ್ಲ ಗುಂಡಿ ಹಚ್ಚುತ್ತ ಕೂತ. ಹೊಲ ಹೋದರೆ ತಂಗಿ ಹಂಗಿನವಳಾಗುತ್ತಾಳೆ, ಹೊಲ ಉಳಿದರೆ ತಾನು ಮೂರು ಕಾಸಿನವನಾಗುತ್ತೇನೆ. ಇನ್ನೊಂದು ದಾರಿ ಹುಡುಕಿದ, ಸಿಗಲಿಲ್ಲ. ವಿಚಾರಣೆಯ ದಿನ ಬೆಳಿಗ್ಗೆ ಗೋಡೆಯ ಕಡೆ ಮುಖ ಮಾಡಿ ಅಂದ:

"ಧೂಳಪ್ಪ ಕೂಲಿ ಆಳು ಅಂತ ಹೇಳು. ಲಾವಣಿ ಮಾತ ಎತ್ತಬ್ಯಾಡ."

"ಅದು ಸುಳ್ಳಲ್ಲೇನ, ಭಾಯಿ?"

"ಹೇಳಂದ್ರ ಹೇಳು!"

ನ್ಯಾಯಮಂಡಳಿಯಲ್ಲಿ ವಕೀಲರಿಗೆ ಮಾತಾಡಲು ಅವಕಾಶವಿರಲಿಲ್ಲ, ಮಂದಿ ತಾವೇ ಎದ್ದು ಹೇಳಬೇಕು. ಬಬಲೇಶ್ವರ ಕಡೆಯ ನಲವತ್ತೂ ಪ್ರಕರಣ ಅಂದೇ ಇದ್ದವು. ವಾಡೆಯ ಗೌಡರು ಮುಂದಿನ ಕುರ್ಚಿಗಳಲ್ಲಿ, ರೈತರು ಹಿಂದೆ ಗೋಡೆಗೆ ಆತು ನಿಂತಿದ್ದರು. ಅಧ್ಯಕ್ಷರು ಬಂದು ಕೂತಾಗ ಮಧ್ಯಾಹ್ನದ ಊಟದ ಹೊತ್ತು ಹತ್ತಿರವಾಗಿತ್ತು. ಮೊದಲು ಧೂಳಪ್ಪನ ಹೆಸರು ಕೂಗಿದರು. ಮಾಸ್ತರನ ಪ್ರಕರಣ ಮೊದಲು ಬಂದದ್ದು ಒಳ್ಳೆಯ ಶಕುನ ಎಂದು ರೈತರು ಗುಸುಗುಸು ಮಾಡಿದರು.

"ಇವ ನಿಮ್ಮ ಲಾವಣಿದಾರನೇನಮ್ಮಾ?" ಅಧ್ಯಕ್ಷರು ಕೇಳಿದರು.

ಚಾಂದಬಿ ಬುರ್ಖಾದೊಳಗಿಂದ ಅಣ್ಣನ ಕಡೆ ನೋಡಿದಳು. ಅಣ್ಣ ಚಪ್ಪಲಿ ನೋಡುತ್ತಿದ್ದ.

"ಅಲ್ರಿ. ಕೂಲಿ ಆಳು."

 ಮುಂದಿನ ಕುರ್ಚಿಯ ಗೌಡನೊಬ್ಬ ತಿರುಗಿ ಮಾಸ್ತರನನ್ನು ನೋಡಿ ಮೀಸೆಯಡಿ ನಕ್ಕ.

"ಏನಪಾ ಧೂಳಪ್ಪ, ಖರೇ ಏನು?"

ಧೂಳಪ್ಪನ ಬಾಯಿ ತೆರೆದೇ ಇತ್ತು. ಅವನು ಮುರ್ತುಜಾಸಾಬನನ್ನು ನೋಡಿದ. ಬೈದಿದ್ದರೆ, ಉಗುಳಿದ್ದರೆ ಮುರ್ತುಜಾಸಾಬನಿಗೆ ಬದುಕಿದೆಯಾ ಬಡಜೀವವೇ ಅನ್ನಿಸುತ್ತಿತ್ತು.

"ಮಾಸ್ತರ ಹೇಳಿಸ್ಯಾರಂದ್ರ ಅದರಾಗೇನೋ ಇರಬೇಕ್ರಿ," ಎಂದ ಧೂಳಪ್ಪ. "ಹೌದ್ರಿ ಸಾಹೇಬ್ರ. ನಾ ಕೂಲಿಯಾಂವ."

ಅರ್ಜಿ ವಜಾ ಆಯಿತು. ಎರಡು ನಿಮಿಷವೂ ಹಿಡಿಯಲಿಲ್ಲ. ಊಟದ ಬಿಡುವು ಎಂದು ಎಲ್ಲರೂ ಎದ್ದರು.

ಮುರ್ತುಜಾಸಾಬ ಹೊರಗಿನ ಬೇವಿನ ಮರದ ಹತ್ತಿರ ಬಂದು ನಿಲ್ಲುವಷ್ಟರಲ್ಲಿ ಮೂವತ್ತೊಂಬತ್ತು ಮಂದಿ ಅವನನ್ನು ಸುತ್ತುವರಿದಿದ್ದರು. ಮುಂದೆ ರಾಯಪ್ಪ.

"ನಾ ಸುಳ್ಳ ಹೇಳಿಸೇನಿ!" ಮುರ್ತುಜಾಸಾಬ ಕೂಗಿದ. ತಿಕೋಟಾದಲ್ಲಿ ಗುಡುಗಿದ ದನಿ ಈಗ ಕೀರಲಾಗಿತ್ತು. "ಧೂಳಪ್ಪ ಲಾವಣಿದಾರನ! ಹೊಲ ಅವಂದ! ನನಗ ಚಪ್ಪಲಿಲೆ ಹೊಡೀರಿ, ಆದ್ರ ನೀವು ಮಾತ್ರ ಹಿಂದ ಸರೀಬ್ಯಾಡ್ರಿ!"

ಯಾರೂ ಹೊಡೆಯಲಿಲ್ಲ, ಯಾರಿಗೂ ಸಿಟ್ಟೂ ಬಂದಂತಿರಲಿಲ್ಲ. ರಾಯಪ್ಪ ಮೆಲ್ಲಗೆ ಅಂದ: "ನಿಮ್ಮಂಥಾವ್ರಿಗೇ ನಾಕ ಎಕರೆ ಬಿಡಾಕ ಆಗ್ಲಿಲ್ಲ ಅಂದಮ್ಯಾಲ ನಮ್ಮ ಗೌಡ್ರು ನಮ್ಮನ್ನ ಜೀವಂತ ಬಿಟ್ಟಾರೇನ್ರಿ? ನಮಗ ಹೊಲಾ ಬ್ಯಾಡ. ಮಧ್ಯಾಹ್ನ ಕರಿಯೂದ್ರೊಳಗ ಅರ್ಜಿ ವಾಪಸ ತಗೊಂತೇವಿ."

ಆಮೇಲೆ ಅಂಗಿಯ ಕಿಸೆಯಿಂದ ಬಿಳಿ ಹಾಳೆಗಳ ಸುರುಳಿ ತೆಗೆದು ಎರಡೂ ಕೈಯಿಂದ ಮುಂದೆ ಹಿಡಿದ.

"ಅದನ್ನೂ ನೀವ ಬರದ ಕೊಡ್ರಿ, ಮಾಸ್ತರ. ನಮಗ್ಯಾರಿಗೂ ಅರ್ಜಿ ಬರಿಯಾಕ ಬರೂದಿಲ್ಲ."