ಚಿಕುಮಾದ ಆಚೆಬದಿ: ಮೊಮೊಸೆ ಕಿನುಯೊ ಅವರಿಗೆ

ಜಪಾನಿನ ಮೇಜಿ ಚಕ್ರವರ್ತಿಯ ಕಾಲದಲ್ಲಿ ಹುಟ್ಟಿ ಐದು ವರ್ಷ ತುಂಬುವ ಮೊದಲೇ ಅಳಿದುಹೋದ ಚಿಕುಮಾ ಪ್ರಾಂತದ ಚರಿತ್ರೆಗೆ ತಮ್ಮ ಸೇವಾವಧಿಯನ್ನೆಲ್ಲ ಸವೆಸಿದವರು ಮಾನ್ಯ ಮೊಮೊಸೆ ಕಿನುಯೊ ಅವರು. ಪ್ರಾಂತದ ಕಚೇರಿ ಬೆಂಕಿಗೆ ಆಹುತಿಯಾಯಿತು, ನಮ್ಮ ಮತ್ಸುಮೊತೊ ರಾಜಧಾನಿಪಟ್ಟ ಕಳೆದುಕೊಂಡಿತು, ನೆರೆಯ ನಾಗಾನೊ ಪ್ರಾಂತ ನಮ್ಮನ್ನು ನುಂಗಿತು ಎಂದು ಕೊರಗುವುದು ಇಲ್ಲಿ ಮನೆಮನೆಯ ಕಸುಬು. ಆ ಕೊರಗಿನಲ್ಲಿ ಕಿನುಯೊ ಅವರಿಗೆ ಮಾತ್ರ ನೆಮ್ಮದಿ ಸಿಗಲಿಲ್ಲ.

ನಗರದ ದಾಖಲೆ ಕೋಣೆಗೆ ಸೇರಿದಂದಿನಿಂದ ಅವರು ಒಂದೆಡೆ ಕುಳಿತವರೇ ಅಲ್ಲ. ಓದಲು ಬಂದ ವೃದ್ಧರಿಗೆ ಕಣ್ಣು ಮಂಜಾದರೆ ಪಕ್ಕದಲ್ಲಿ ನಿಂತು ಓದಿ ಹೇಳುತ್ತಿದ್ದರು. ಅವರನ್ನು ಬಸ್ಸು ಹತ್ತಿಸಿದ ಮರುಗಳಿಗೆಯೇ ತಾವೂ ಎಲ್ಲಿಗೋ ಹೊರಟಿರುತ್ತಿದ್ದರು. ಆ ಓಡಾಟವೆಲ್ಲ ಪಶ್ಚಿಮದ ಬೆಟ್ಟಗಳ ಆಚೆಗೆ. ನಾವು ಚಿಕುಮಾದ ನಕ್ಷೆ ಬರೆದಾಗಲೆಲ್ಲ ಬೆಟ್ಟಸಾಲಿಗೇ ಗೆರೆ ಎಳೆದು ಮುಗಿಸಿಬಿಡುತ್ತೇವೆ. ಆಚೆಯ ಹಿದಾ ಸೀಮೆಯೂ ಅದೇ ಪ್ರಾಂತಕ್ಕೆ ಸೇರಿತ್ತೆಂಬುದು ನಮಗೆ ನೆನಪಾಗುವುದೇ ಇಲ್ಲ. ಒಂದು ಅರ್ಜಿ ಕೊಡಬೇಕೆಂದರೂ ಹಿದಾದವರು ಹಿಮ ತುಳಿದು ಬೆಟ್ಟ ದಾಟಿ ಇಲ್ಲಿಗೆ ಬರಬೇಕಿತ್ತು. ಪ್ರಾಂತ ಅಳಿದಾಗ ಅವರು ಉಸ್ಸಪ್ಪಾ ಎಂದರು.

ಕಳೆದ ವರ್ಷದ ಪ್ರದರ್ಶನದಲ್ಲಿ ಕಿನುಯೊ ಅವರು ಹಿದಾ ಸೇರಿದ ಪೂರ್ಣ ನಕ್ಷೆಯನ್ನೇ ಗೋಡೆಗೆ ಹಾಕಿದರು. ಚರಿತ್ರೆ ಬಳಗದ ಹಿರಿಯರೂ ಅವರ ಶಾಲಾಗುರುಗಳೂ ಆದ ಫುತಾತ್ಸುಗಿಯವರು, ನಮ್ಮ ಚಿಕುಮಾದಲ್ಲಿ ಹಿದಾದವರಿಗೇನು ಕೆಲಸ ಎಂದು ಕೆಂಡಾಮಂಡಲವಾದರು. ನಿವೃತ್ತಿಯ ಮೇಲೆ ಮರುನೇಮಕ ಸಿಗಲು ಆ ಹಿರಿಯರ ಶಿಫಾರಸು ಬೇಕಿತ್ತು. ಅದಿಲ್ಲದಿದ್ದರೆ ಪ್ರಾಂತದ ಚರಿತ್ರೆಯಲ್ಲಿ ಅವರು ಬರೆಯುತ್ತಿದ್ದ, ಅರ್ಧಕ್ಕೆ ನಿಂತಿದ್ದ ಹಿದಾ ಸಂಪುಟಕ್ಕೆ ದಿಕ್ಕಿರಲಿಲ್ಲ.

“ಆ ನಕ್ಷೆ ಇಳಿಸಮ್ಮ. ನಾಳೆನೇ ಶಿಫಾರಸು ಬರ್ದುಕೊಡ್ತೀನಿ,” ಎಂದರು ಗುರುಗಳು.

“ಮೇಷ್ಟ್ರೇ, ಅಷ್ಟು ದೂರ ನಡ್ಕೊಂಡು ಬಂದೋರನ್ನ ಬಾಗಿಲಿಂದಲೇ ವಾಪಸ್ ಕಳಿಸು ಅಂತೀರಾ? ಅದು ನನ್ನ ಕೈಲಾಗಲ್ಲ.”

ನಕ್ಷೆ ಉಳಿಯಿತು, ಮರುನೇಮಕ ತಪ್ಪಿತು. ಸಹೋದ್ಯೋಗಿಗಳಾದ ನಾವು ಸಂಕಟಪಡುತ್ತ ಕುಳಿತಿದ್ದಾಗಲೇ ಅವರು ಹಿದಾದ ತಕಾಯಾಮಾದಲ್ಲಿ ಬಾಡಿಗೆ ಕೋಣೆ ಹಿಡಿದು, ಸಂಪುಟಕ್ಕಾಗಿ ಅಲ್ಲಿನ ಅಜ್ಜಿಯರ ಮಾತುಗಳನ್ನು ಬರೆದುಕೊಳ್ಳತೊಡಗಿದ್ದರು. ಅವರ ಗೌರವಾರ್ಥ ನಾವು ತರುತ್ತಿರುವ ಈ ಅಭಿನಂದನ ಗ್ರಂಥದ ಬಿಡುಗಡೆಗೆ ಮತ್ಸುಮೊತೊಗೆ ಬನ್ನಿರೆಂದರೆ ಆಗುವುದಿಲ್ಲ ಎಂದುಬಿಟ್ಟರು.

“ಇಲ್ಲಿ ಅಜ್ಜಿಯರಿಗೆ ವಯಸ್ಸಾಗಿದೆ, ನನಗೋಸ್ಕರ ಕಾಯ್ತಾ ಕೂರಲ್ಲ. ನೀವೇ ಬನ್ನಿ. ಈಗೇನು, ಬಸ್ಸಿದೆಯಲ್ಲ.”

ಆದ್ದರಿಂದ ಸಮಾರಂಭವನ್ನೇ ತಕಾಯಾಮಾಕ್ಕೆ ಒಯ್ಯುತ್ತಿದ್ದೇವೆ. ಹಿದಾದ ಚಳಿ ಅವರ ಮೊಣಕಾಲುಗಳಿಗೆ ಕರುಣೆ ತೋರಲಿ, ದೀರ್ಘಾಯುಷ್ಯ ಅವರದಾಗಲಿ, ಸಂಪುಟ ಅವರ ಕೈಯಿಂದಲೇ ಪೂರ್ಣಗೊಳ್ಳಲಿ ಎಂಬುದು ನಮ್ಮೆಲ್ಲರ ಹಾರೈಕೆ. ಫುತಾತ್ಸುಗಿಯವರೂ ಗೊಣಗುತ್ತಲೇ ಬಸ್ಸಿಗೆ ಹೆಸರು ಕೊಟ್ಟಿದ್ದಾರೆ. ಜೀವಮಾನವಿಡೀ ಚಿಕುಮಾದ ಬಗ್ಗೆ ಭಾಷಣ ಮಾಡಿದ ಅವರು ಆ ಬೆಟ್ಟ ದಾಟುತ್ತಿರುವುದು ಇದೇ ಮೊದಲು.