ಸ್ಕ್ರಿಪ್ಚರ್ ಕ್ಲಾಸಿನ ಸ್ಲಿಪ್

ಎರಡನೇ ಮಹಾಯುದ್ಧ ಶುರುವಾದ ವರ್ಷ ನನಗೆ ಹನ್ನೊಂದು ತುಂಬಿತ್ತು. ಚಿಕ್ಕಮಗಳೂರಿನ ಒಂದು ಕಾನ್ವೆಂಟಿನಲ್ಲಿ ಓದುತ್ತಿದ್ದೆ. ನಮ್ಮದು ಬಟ್ಟೆ ಅಂಗಡಿ. ಕೊರಳಲ್ಲಿ ಲಿಂಗ ಕಟ್ಟುವ ಮನೆತನ. "ಹುಡುಗಿನ ಅಲ್ಲಿಗೆ ಕಳಿಸಿ ಕಿರಿಸ್ತಾನ್ರು ಮಾಡ್ತೀಯೇನೋ?" ಎಂದು ಅಜ್ಜಿ ಅಪ್ಪಯ್ಯನನ್ನು ದಿನಾ ಚುಚ್ಚುತ್ತಿದ್ದರು. ಇದೇ ಮಾತಿಗೆ ಅಕ್ಕನನ್ನು ಶಾಲೆ ಬಿಡಿಸಿದ್ದಾಗಿತ್ತು.

ಕ್ರಿಶ್ಚಿಯನ್ ಹುಡುಗಿಯರಿಗೆ ಸ್ಕ್ರಿಪ್ಚರ್ ಕ್ಲಾಸ್, ಅಂದರೆ ಬೈಬಲ್ ಪಾಠ, ನಡೆಯುವಾಗ ಉಳಿದವರು ವರಾಂಡದಲ್ಲಿ ಕೂತು ಕರವಸ್ತ್ರದ ಅಂಚು ಹೊಲಿಯಬೇಕಿತ್ತು. ಕಿಟಕಿಯಿಂದ ಕಥೆ ಅರ್ಧಂಬರ್ಧ ಕೇಳಿಸುತ್ತಿತ್ತು. ಸಮುದ್ರ ಇಬ್ಭಾಗವಾಯಿತು ಅನ್ನುವಷ್ಟರಲ್ಲಿ ಬೆಲ್! ಆ ವರ್ಷ, ಉಳಿದವರಲ್ಲಿ ಇಷ್ಟವಿದ್ದವರೂ ಕೂರಬಹುದು, ತಂದೆಯ ಸಹಿ ಬೇಕು ಎಂದು ಒಂದು ಸ್ಲಿಪ್ ಕೊಟ್ಟರು. ಇಂಗ್ಲಿಷಿನಲ್ಲಿತ್ತು. ಮನೆಯಲ್ಲಿ ಇಂಗ್ಲಿಷ್ ಬರುತ್ತಿದ್ದುದು ನನಗೊಬ್ಬಳಿಗೇ.

"ಏನಂತೆ ಇದು?" ಎಂದರು ಅಪ್ಪಯ್ಯ.

"ಹಾಡಿನ ಕ್ಲಾಸಿಗೆ."

ಸಹಿ ಹಾಕಿದರು.

ವರ್ಷದ ಕೊನೆಗೆ ಸ್ಕ್ರಿಪ್ಚರಿನಲ್ಲಿ ನನಗೇ ಫಸ್ಟ್ ಪ್ರೈಜ್. ಸಂತೋಷ ಒಂದು ನಿಮಿಷ ಇತ್ತು, ಅಷ್ಟೇ. ಪ್ರೈಜ್ ಡೇಗೆ ಅಪ್ಪಯ್ಯನೂ ಬರುತ್ತಾರೆ, ಸ್ಟೇಜಿನ ಮೇಲಿಂದ ನನ್ನ ಹೆಸರು ಕೂಗುತ್ತಾರೆ! ಅಕ್ಕನ ಹಾಗೆ ನನ್ನ ಶಾಲೆಯೂ ಮುಗಿಯಿತು ಅಂದುಕೊಂಡೆ. ಮೂರು ದಿನ ಲಿಂಗ ಮುಟ್ಟಿಕೊಂಡು ಒಮ್ಮೆ, ಯೇಸುವನ್ನು ನೆನೆದು ಒಮ್ಮೆ ಬೇಡಿಕೊಂಡೆ. ಇಬ್ಬರೂ ಸುಮ್ಮನಿದ್ದರು.

ನಾಲ್ಕನೇ ದಿನ ಸ್ಕ್ರಿಪ್ಚರ್ ಹೇಳಿಕೊಡುತ್ತಿದ್ದ ಸಿಸ್ಟರ್ ಹತ್ತಿರ ಎಲ್ಲ ಹೇಳಿಬಿಟ್ಟೆ. ಅವರು ಮಂಗಳೂರು ಕಡೆಯವರು.

"ಎಂಥ ಕೆಲಸ ಮಾಡಿದ್ದಿ ಮಾರಾಯ್ತಿ! ತಂದೆಗೆ ಗೊತ್ತಿಲ್ಲದೆ ನಿನ್ನನ್ನು ಕೂರಿಸಿಕೊಂಡರೆ ನಾನೂ ಕಳ್ಳಿಯೇ ಅಲ್ವಾ?"

ಪ್ರೈಜಿನ ಪಟ್ಟಿಯಲ್ಲಿ ನನ್ನ ಹೆಸರು ಹೊಡೆದುಹಾಕಿದರು. ಕನ್ನಡ ಪಂಡಿತರಿಂದ ಅದೇ ಸ್ಲಿಪ್ಪನ್ನು ಕನ್ನಡದಲ್ಲಿ ಬರೆಸಿ, ನನ್ನ ಕೈಗೆ ಕೊಡದೆ ಆಯಾ ಜೊತೆ ಅಂಗಡಿಗೆ ಕಳಿಸಿದರು. ಅವಳ ಹಿಂದೆ ನಾನು.

ಅಪ್ಪಯ್ಯ ಓದಿದರು. ಮತ್ತೊಮ್ಮೆ ಓದಿದರು. ಗಿರಾಕಿಗೆಂದು ಬಿಚ್ಚಿದ್ದ ಸೀರೆ ಹಾಗೇ ಬಿದ್ದಿತ್ತು.

"ಹಾಡು ಚೆನ್ನಾಗಿ ಕಲಿತ್ಯಾ?"

ನನಗೆ ಅಳು ಬಂತು.

"ಅಳ್ಬೇಡ. ನಿಂಗೇನು ಬೇಕು, ಅದು ಹೇಳು."

"ಕಥೆ ಬೇಕು ಅಪ್ಪಯ್ಯ. ಶಾಲೆ ಬಿಡಿಸ್ಬೇಡಿ."

"ಲಿಂಗ?"

"ಅದೂ ಬೇಕು."

ಅಪ್ಪಯ್ಯ ಪೆನ್ಸಿಲ್ ತೆಗೆದುಕೊಂಡು ಸ್ಲಿಪ್ಪಿನ ಕೆಳಗೆ ಬರೆದರು: "ಪಾಠಕ್ಕೆ ಒಪ್ಪಿಗೆ ಇದೆ. ಪ್ರಾರ್ಥನೆಯ ವಿಷಯ ಅವಳನ್ನೇ ಕೇಳಿ." ಆಮೇಲೆ ತಗ್ಗಿದ ದನಿಯಲ್ಲಿ, "ನಿಮ್ಮಜ್ಜಿಗೆ ಮಾತ್ರ ಹಾಡಿನ ಕ್ಲಾಸು ಅಂತ್ಲೇ ಇರ್ಲಿ" ಎಂದರು.

ಪ್ರೈಜ್ ಬೇರೆಯವಳಿಗೆ ಹೋಯಿತು. ಅಪ್ಪಯ್ಯ ಎಲ್ಲರ ಜೊತೆ ಚಪ್ಪಾಳೆ ತಟ್ಟಿದರು. ಅದಕ್ಕೆ ಬೇಜಾರಿಲ್ಲ. "ಅವಳನ್ನೇ ಕೇಳಿ" ಎಂಬ ಎರಡು ಪದ ಯಾವ ಪ್ರೈಜಿಗೆ ಕಮ್ಮಿ? ಆದರೆ ನಾಲ್ಕು ವರ್ಷದ ಮೇಲೆ ನನ್ನ ಮದುವೆ ಗೊತ್ತುಮಾಡುವಾಗ ಅದೇ ಅಪ್ಪಯ್ಯ ನನ್ನನ್ನು ಕೇಳಲಿಲ್ಲ. ನಾನೂ ನನಗೇನು ಬೇಕೆಂದು ಬಾಯಿಬಿಟ್ಟು ಹೇಳಲಿಲ್ಲ.