ಉಲಿ ಬಂದ ಸಂಜೆ

ಬೆಳಗಿನ ಕೆಂಪು ಬಸ್ಸಿನಲ್ಲಿ ಮೈಸೂರಿನಿಂದ ಹೆಗ್ಗಡದೇವನಕೋಟೆಗೆ ಹೊರಟ ನಾವು ಮೂವರು ಕನ್ನಡ ಚಿತ್ರರಂಗವನ್ನು ಉದ್ಧಾರ ಮಾಡುವವರಿದ್ದೆವು. ಕಥೆ ನನ್ನದು: ಪಟ್ಟಣದ ಗಂಡಸರು ಹಳ್ಳಿಗೆ ಹೋಗಿ ಒಬ್ಬೊಬ್ಬರಾಗಿ ಬುದ್ಧಿಗೆಡುತ್ತಾರೆ; ನೋಡುವವರು ನಗುತ್ತಿರುವಾಗಲೇ ಒಬ್ಬ ಸಾಯುತ್ತಾನೆ. ನಾಯಕ ರಾಜಶೇಖರ, ಕಾಲೇಜಿನಲ್ಲಿ ಕನ್ನಡ ಮೇಷ್ಟ್ರು. ಛಾಯಾಗ್ರಾಹಕ ನಂಜುಂಡ, ಮದುವೆ ವಿಡಿಯೊದವನು. ಹಂಪಾಪುರದಲ್ಲಿ ವಡೆ ತಿನ್ನುವಾಗಲೂ ರಾಜಶೇಖರ, "ಈ ಸೀಮೆಯಲ್ಲಿ ಹಕಾರವಿಲ್ಲ, ಹಳ್ಳಿ ಅಂದರೆ ಅಳ್ಳಿ" ಎಂದು ನಮಗೆ ಪಾಠ ಹೇಳಿದ.

ಕೋಟೆಯಿಂದ ಟೆಂಪೊ ಹಿಡಿದು ಕಾಡಂಚಿನ ಹಳ್ಳಿ ಸೇರಿದೆವು. ಅಲ್ಲಿ ನಂಜುಂಡನ ಸೋದರತ್ತೆ ನಿಂಗಮ್ಮನವರು ಮುದ್ದೆ, ಅವರೆಕಾಳಿನ ಸಾರು ಬಡಿಸಿದರು. "ಪಿಚ್ಚರ್‌ಗೆ ನನ್ನೂ ಆಕ್ಕಳ್ರಪ್ಪ" ಎಂದರು. ಬೆಳಿಗ್ಗೆ ತೆಗೆಯುತ್ತೇವೆಂದು ಮಾತು ಕೊಟ್ಟೆವು.

ದೀಪ ಹಚ್ಚುವ ಹೊತ್ತಿಗೆ ಬೀದಿಯಿಂದ ಅವರ ಕೂಗು ಕೇಳಿತು: "ಉಲಿ ಬಂತು ಕಣ್ರಪ್ಪೋ, ಬಾಗ್ಲು, ಬಾಗ್ಲು!"

ಅರ್ಥ ಹೇಳಲು ಮೇಷ್ಟ್ರು ಬೇಕಾಗಲಿಲ್ಲ. ಮೇಷ್ಟ್ರೇ ಮೊದಲು ಹಾರಿ ಕದ ಹಾಕಿದ. ಅಗುಳಿ ನಾನು ಹಿಡಿದೆ. ಹೊರಗೆ ಏನೋ ಬುಸುಗುಟ್ಟಿತು, ಕದ ಅದುರಿತು.

"ತಗ್ಯೋ ನಂಜುಂಡ, ನಾನು ಕಣೋ."

"ನಿಮ್ಮತ್ತೆ, ನೀನೇ ತೆಗಿ" ಎಂದ ರಾಜಶೇಖರ.

"ಕಥೆ ಇವನದಲ್ವಾ, ಇವನೇ ತೆಗೀಲಿ" ಎಂದ ನಂಜುಂಡ.

ನಾನು ಅಗುಳಿಯ ಮೇಲಿನ ಕೈ ತೆಗೆಯಲಿಲ್ಲ.

ಕೊನೆಗೆ ಎದುರುಮನೆಯ ಗೌಡರು ಬಂದು ಕೂಗಿದರು: "ಎತ್ತು ಕಣ್ರೀ ಅದು, ಒಳಕ್ಕೆ ಬುಡಿ."

ಹುಲಿ ಎಂಬುದು ಮೈಮೇಲೆ ಪಟ್ಟೆಯಿದ್ದ ಆ ಎತ್ತಿನ ಹೆಸರು. ಅಲ್ಲಿ ದನಗಳು ಮುಂಬಾಗಿಲಿನಿಂದಲೇ ಒಳಗಿನ ಕೊಟ್ಟಿಗೆಗೆ ಹೋಗುತ್ತವೆ. ಬಾಗಿಲು ಎಂದು ಕೂಗಿದ್ದು ಪೂರ್ತಿ ತೆರೆಯಿರೆಂದು. ಹುಲಿಯವರು ನಮ್ಮನ್ನು ಲಕ್ಷಿಸದೆ ಒಳಗೆ ದಯಮಾಡಿಸಿದರು. ಗೌಡರು ನಕ್ಕರು, ನಾವೂ ನಕ್ಕೆವು.

ನಿಂಗಮ್ಮನವರೂ ನಗುತ್ತಿದ್ದರು. "ದಿಟವಾದ ಉಲೀನೇ ಬಂತು ಅಂದ್ಕಂಡ್ರಾ?"

"ಹೂಂ ಅತ್ತೆ" ಎಂದ ನಂಜುಂಡ.

ಅವರ ನಗು ನಿಂತಿತು. "ನಾನು ಒರಗಡೇನೇ ಇದ್ನಲ್ಲಪ್ಪ" ಎಂದರು.

ರಾತ್ರಿ ಬಿಸಿ ಮುದ್ದೆಯನ್ನೇ ಇಕ್ಕಿದರು. ನಾವು ತಟ್ಟೆ ನೋಡಿಕೊಂಡು ನುಂಗಿದೆವು.

ಬೆಳಿಗ್ಗೆ ಅವರು ಪೆಟ್ಟಿಗೆಯಲ್ಲಿಟ್ಟಿದ್ದ ಸೀರೆಯುಟ್ಟು, ಹೂ ಮುಡಿದು ಜಗುಲಿಯಲ್ಲಿ ಕೂತಿದ್ದರು. ನಂಜುಂಡ ಕ್ಯಾಮೆರಾ ಕೆಟ್ಟಿದೆ ಎಂದ. ಕೆಟ್ಟಿರದ ಆ ಕ್ಯಾಮೆರಾದ ಮುಂದೆ ಅವರನ್ನು ನಿಲ್ಲಿಸಿ ಏನು ಹೇಳಿಸುವುದೆಂದು ಕಥೆಗಾರನಿಗೂ ಹೊಳೆದಿರಲಿಲ್ಲ. "ಆಗ್ಲಿ ಬುಡಿ" ಎಂದು ಟೆಂಪೊವರೆಗೂ ಬಂದು ಕಳಿಸಿದರು.

ತಿರುವಿನಲ್ಲಿ ಹಿಂತಿರುಗಿ ನೋಡಿದೆ. ಅವರಿನ್ನೂ ಟೆಂಪೊ ನಿಲ್ಲುವಲ್ಲೇ ನಿಂತಿದ್ದರು. ದೂರದಲ್ಲಿ ಮನೆಯ ಎರಡೂ ಕದಗಳು ತೆರೆದೇ ಇದ್ದವು.